ಅಲ್ಬಿನಯ್ಯನ ಗೋಡೆ

ವೈದ್ಯನಾಥಪುರ, ಮದ್ದೂರು ತಾಲ್ಲೂಕು
4 ನವೆಂಬರ್ 2024

ನಿಖಿತಾ ಕೂಸೇ,

ನಾನು ಸುಖ, ನಿನ್ನ ಸೋಮಮ್ಮತ್ತೆ ಸುಖ, ನನ್ನ ಮೀಸೆಯೂ ಸುಖ. ಈ ಕಾಲದಲ್ಲಿ ಕಾಗದ ಯಾಕೆ ಅಂತ ನಗಬೇಡ. ಫೋನಿನಲ್ಲಿ ನಾನು ಬಾಯಿ ತೆಗೆಯುವಷ್ಟರಲ್ಲಿ "ಕ್ಲಾಸಿದೆ ಮಾವ" ಅಂತ ಇಟ್ಟುಬಿಡುತ್ತೀಯ. ಕಾಗದವನ್ನು ಅರ್ಧಕ್ಕೆ ಇಡೋಕಾಗುತ್ತಾ? ಊರ ಸ್ಕೂಲಿನಲ್ಲಿ ಏಳನೇ ಕ್ಲಾಸು ಓದಿದವನು ನಾನು. ನನ್ನ ಅಕ್ಷರ ನೋಡಿ ಮೇಷ್ಟ್ರು "ಈ ಅಂಕಯ್ಯ ಒಂದಿನ ಅಮಲ್ದಾರನಾಗ್ತಾನೆ" ಅಂದಿದ್ದರು. ಆಗಲಿಲ್ಲ. ನಷ್ಟ ಸರ್ಕಾರದ್ದು.

ನೀನು ಚೆನ್ನೈನಲ್ಲಿ ಸಿನಿಮಾ ಕ್ಯಾಮೆರಾ ಕಲಿಯುತ್ತಿರುವ ಸುದ್ದಿಯನ್ನು ಮದ್ದೂರು ಬಸ್‌ಸ್ಟ್ಯಾಂಡಿನಿಂದ ಸೋಮನಹಳ್ಳಿಯ ತನಕ ಹರಡಿದ್ದೇನೆ. ನಮ್ಮ ಮನೆತನಕ್ಕೆ ಸಿನಿಮಾ ಹೊಸದೇನಲ್ಲ. ಹಿಂದೆ ಶಿಂಷಾ ಹೊಳೆಯ ಹತ್ತಿರ ಶೂಟಿಂಗ್ ಬಂದಾಗ ಗುಂಪಿನಲ್ಲಿ ನಿಂತವನು ನಾನು. ಮುಖ ಬರಲಿಲ್ಲ, ಬೆನ್ನು ಬಂತು. ಆ ಬೆನ್ನನ್ನು ಇಡೀ ಕರ್ನಾಟಕ ನೋಡಿದೆ.

ಮೊನ್ನೆ ಮಳವಳ್ಳಿಗೆ ಹೋಗಿ ನಿನ್ನಮ್ಮನನ್ನು ಕಂಡು ಬಂದೆ. ನಿನಗೇನೋ ಪರೀಕ್ಷೆಯಂತೆ, ಅದರಲ್ಲಿ ಯಾರೋ ಸ್ವೀಡನ್ ದೇಶದವನು ಬಂದಿದ್ದಾನಂತೆ. ಇಷ್ಟು ಹೇಳಿ ಶೋಭಾರಾಣಿ ಸುಮ್ಮನಾದಳು. ನನ್ನ ತಂಗಿಯೇ ಆದರೂ ಅವಳ ಪಾಲಿನ ಮಾತನ್ನೂ ನನಗೇ ಬಿಟ್ಟುಕೊಟ್ಟು ಹುಟ್ಟಿದವಳು. "ಯಾಕಮ್ಮಿ, ನಿಂಗ್ ಖುಸಿ ಇಲ್ವಾ?" ಅಂದೆ. "ಎಣ್ಮಗ ಕ್ಯಾಮ್ರಾ ಒತ್ಕಂಡು ತಿರುಗ್ತದೆ ಅಂದ್ರೆ ಇಲ್ಲಿ ಜನ ಕೇಳ್ತಾರೆ ಕಣಣ್ಣ" ಅಂದಳು. "ಏನ್ ಕೇಳ್ತಾರೆ?" ಅಂದರೆ "ಏನೂ ಇಲ್ಲ ಬುಡು" ಅಂತ ಒಳಗೆ ಹೋಗಿ ಪಾತ್ರೆ ಸದ್ದು ಮಾಡಿದಳು.

ಆ ಸ್ವೀಡನ್ನಿನವನು ಯಾರು, ನಿನಗೆ ಏನು ಬೇಕು, ಬಿಡಿಸಿ ಬರಿ. ಮಾವ ಇರುವುದು ಯಾಕೆ ಮತ್ತೆ?

ಇಂತಿ, ಕರ್ನಾಟಕ ಬೆನ್ನು ಕಂಡಿರುವ
ನಿನ್ನ ಅಂಕಯ್ಯ ಮಾವ

*

ಚೆನ್ನೈ, ಹಾಸ್ಟೆಲು
18 ನವೆಂಬರ್ 2024

ಪ್ರೀತಿಯ ಮಾವನಿಗೆ,

ನಿಮ್ಮ ಕಾಗದವನ್ನು ರೂಮಿನವರಿಗೆಲ್ಲ ಅರ್ಥ ಹೇಳಿ ಓದಿದೆ. ಈಗ ನಿಮ್ಮ ಬೆನ್ನು ತಮಿಳುನಾಡಿಗೂ ಗೊತ್ತು.

ಪರೀಕ್ಷೆ ಹೀಗೆ. ಮುಂದಿನ ವರ್ಷ ನಮ್ಮ ಬ್ಯಾಚಿನಲ್ಲಿ ಇಬ್ಬರ ಕೈಗೆ ಮಾತ್ರ ಕ್ಯಾಮೆರಾ ಕೊಡುತ್ತಾರೆ. ಉಳಿದವರು ಆ ಇಬ್ಬರಿಗೆ ಲೆನ್ಸು ಒರೆಸಿಕೊಡಬೇಕು. ಯಾರಿಗೆ ಅಂತ ತೀರ್ಮಾನಿಸಲು ಒಬ್ಬೊಬ್ಬರಿಗೂ ಒಬ್ಬ ಹಳೆಯ ಛಾಯಾಗ್ರಾಹಕನ ಹೆಸರಿನ ಚೀಟಿ ಎತ್ತಿಸಿದರು. ಅವನು ಕೆಲಸ ಮಾಡುತ್ತಿದ್ದ ರೀತಿಯಲ್ಲೇ ಐದು ನಿಮಿಷದ ಮಾತಿಲ್ಲದ ಕಪ್ಪುಬಿಳುಪು ಚಿತ್ರ ತೆಗೆಯಬೇಕು. ಒಂದು ಹಳೇ ಕ್ಯಾಮೆರಾ, ಒಂದು ಡಬ್ಬ ಫಿಲಂ ಕೊಡುತ್ತಾರೆ. ಲೈಟು ಕೊಡುವುದಿಲ್ಲ. ಬಿಸಿಲೇ ಲೈಟು.

ನನಗೆ ಬಂದವನು ಅಲ್ಬಿನ್ ಹೆಡ್‌ಸ್ಟ್ರಾಂಡ್. ಮೀನು ಹಿಡಿಯುವವರ ಮನೆಯ ಹುಡುಗ. 1912ರಲ್ಲಿ ಕೈಯಿಂದ ತಿರುಗಿಸುವ ಕ್ಯಾಮೆರಾ ಹಿಡಿದ. ವೇಗ ತಪ್ಪದಿರಲೆಂದು ಚರ್ಚಿನ ಹಾಡು ಗುನುಗುತ್ತಾ ತಿರುಗಿಸುತ್ತಿದ್ದನಂತೆ. ಅವರ ದೇಶದಲ್ಲಿ ಬೇಸಿಗೆಯ ಸಂಜೆ ಮುಗಿಯುವುದೇ ಇಲ್ಲ. ಆ ಇಳಿಬೆಳಕಿಗಾಗಿ ದೊಡ್ಡ ದೊಡ್ಡ ನಟರನ್ನು ಕಡಲ ದಂಡೆಯಲ್ಲಿ ಕಾಯಿಸಿ ಕೂರಿಸುತ್ತಿದ್ದ. ಮಂಜು, ಉಸಿರಿನ ಹಬೆ, ದೋಣಿಯ ಹೊಗೆ, ಇವುಗಳ ಮೇಲೆ ಬೆಳಕು ಬಿದ್ದಾಗ ಅದನ್ನು ಕೈಯಲ್ಲಿ ಮುಟ್ಟಬಹುದು ಅನಿಸುತ್ತದೆ. ಅವನ ಚಿತ್ರಗಳಲ್ಲಿ ಯಾರೂ ಏನೂ ಹೇಳುವುದಿಲ್ಲ, ಸುಮ್ಮನೆ ಕೂತಿರುತ್ತಾರೆ. ಆದರೂ ಎಲ್ಲ ತಿಳಿಯುತ್ತದೆ.

ನನಗೆ ಮಂಜೆಲ್ಲಿಂದ ಬರಬೇಕು ಅಂತ ಯೋಚಿಸುವಾಗ ನಿಮ್ಮ ಆಲೆಮನೆ ನೆನಪಾಯಿತು. ಬೆಳಿಗ್ಗೆ ಕೊಪ್ಪರಿಗೆಯಲ್ಲಿ ಕಬ್ಬಿನ ಹಾಲು ಕುದಿಯುವಾಗ ಏಳುವ ಹಬೆ. ಕಬ್ಬಿನ ತರಗು ಹೊದಿಸಿದ ಸೂರಿನ ತುಂಬ ತೂತು. ಆ ತೂತುಗಳಿಂದ ಬಿಸಿಲು ಕೋಲುಕೋಲಾಗಿ ಇಳಿಯುತ್ತಿತ್ತು. ಗೋಡೆಯೆಲ್ಲ ಮಸಿ. ಚಿಕ್ಕವಳಿದ್ದಾಗ ಆ ಕೋಲುಗಳನ್ನು ಹಿಡಿಯಲು ಹೋಗಿ ಬೆಲ್ಲದ ಅಚ್ಚಿನ ಮೇಲೆ ಬಿದ್ದದ್ದು ನೆನಪಿದೆಯಾ?

ಫೆಬ್ರವರಿಯಲ್ಲಿ ಮೂರು ದಿನ ಆಲೆಮನೆ ಬಿಟ್ಟುಕೊಡುತ್ತೀರಾ ಮಾವ? ಬೇರೇನೂ ಬೇಡ.

ಅಮ್ಮ ದಿನಾ ಫೋನ್ ಮಾಡಿ "ಊಟ ಆಯ್ತಾ" ಅಂತ ಮಾತ್ರ ಕೇಳುತ್ತಾಳೆ.

ನಿಮ್ಮ
ನಿಖಿತಾ

*

ವೈದ್ಯನಾಥಪುರ
9 ಡಿಸೆಂಬರ್ 2024

ಕೂಸೇ,

ನಿನ್ನ ಕಾಗದ ನಿನ್ನತ್ತೆಗೆ ಓದಿದೆ, ಆಲೆಮನೆಯಲ್ಲಿ ಪಾಕ ನೋಡುವ ಮಾದಯ್ಯನಿಗೂ ಓದಿದೆ. ಅವನು ನನ್ನ ಜೊತೆ ಓದಿದವನು, ನನ್ನಷ್ಟು ಮುಂದೆ ಬರಲಿಲ್ಲ ಅಷ್ಟೆ. ವಯಸ್ಸಾದವರನ್ನು ಬರೀ ಹೆಸರಿನಿಂದ ಕರೆಯುವುದು ಚೆನ್ನಾಗಿಲ್ಲವೆಂದು ನಿನ್ನ ಸ್ವೀಡನ್ನಿನವರಿಗೆ ನಾವು ಅಲ್ಬಿನಯ್ಯ ಅಂತ ಹೆಸರಿಟ್ಟಿದ್ದೇವೆ. ಬೆಳಕಿಗಾಗಿ ಕಾಯಿಸಿ ಕೂರಿಸುತ್ತಿದ್ದರು ಅಂದಾಗ ಮಾದಯ್ಯ ತಲೆದೂಗಿದ. "ಪಾಕ ಬರೋಗಂಟ ಕಾಯ್ದಂಗೆ ಕಣ್ಲಾ. ಆವಯ್ಯ ನಮ್ಮೋನೇ" ಅಂದ.

ಆದರೆ ನಿಜ ಹೇಳುತ್ತೇನೆ, ಸೂರಿನ ತೂತಿನ ವಿಚಾರ ಓದಿ ನನ್ನ ಮುಖ ಸಪ್ಪಗಾಯಿತು. ಇಷ್ಟು ವರ್ಷವಾದ ಮೇಲೂ ನಮ್ಮ ಹುಡುಗಿಗೆ ಮಾವನ ಆಲೆಮನೆ ಅಂದರೆ ತೂತು, ಮಸಿ, ಇವೇ ನೆನಪು! ನಾಳೆ ನಿನ್ನ ಜೊತೆ ಚೆನ್ನೈನವರು ಬರುತ್ತಾರೆ. ಸಿನಿಮಾದಲ್ಲಿ ಜನ ನೋಡುತ್ತಾರೆ. ಅಂಕಯ್ಯನ ಸೂರು ಸೋರುತ್ತದೆ ಅಂತ ಲೋಕಕ್ಕೆ ಗೊತ್ತಾಗಬೇಕಾ?

ಬಿಡುತ್ತೇನಾ. ತರಗನ್ನೆಲ್ಲ ಕಿತ್ತು ಒಲೆಗೆ ಹಾಕಿಸಿದೆ. ಈಗ ಮೇಲೆ ಹೊಚ್ಚ ಹೊಸ ಜಿಂಕ್ ಶೀಟು. ಒಂದೇ ಒಂದು ತೂತು ತೋರಿಸಿದವರಿಗೆ ಒಂದು ಗಾಡಿ ಕಬ್ಬು ಕೊಡುತ್ತೇನೆ. ನಾಲ್ಕು ಗೋಡೆಗೂ ಸುಣ್ಣ, ಮದುವೆಮನೆಗೆ ಬಳಿಯುವ ಹಾಗೆ ನೀಲಿ ಬೆರೆಸಿ ಎರಡು ಕೈ. ಒಳಗೆ ಟ್ಯೂಬ್‌ಲೈಟು. ಮಾದಯ್ಯ ಬಾಗಿಲಲ್ಲಿ ನಿಂತು, "ಏನ್ಲಾ ಅಂಕ, ಆಲೆಮನೇಗೆ ಮದ್ವೆ ಮಾಡ್ತಾ ಇದ್ದೀಯಾ?" ಅಂದ. "ಊನ್ ಕಣ್ಲಾ, ಕ್ಯಾಮ್ರಾ ಜೊತೆ" ಅಂದೆ. "ಒಳೀಕ್ ಕಾಲಿಡಕ್ಕೆ ಎದ್ರಿಕೆ ಆಯ್ತದೆ, ಚಪ್ಲಿ ಬುಡ್ಬೇಕಾ?" ಅಂದ. ಹೊಟ್ಟೆಕಿಚ್ಚು.

ಇನ್ನೊಂದು. ಮದ್ದೂರಿನ ಹೋಟೆಲಿನಲ್ಲಿ ಯಾರೋ, "ಅಲ್ಲಾ ಅಂಕಣ್ಣ, ಎಣ್ಣುಡುಗಿ ಕೈಗೆ ಕ್ಯಾಮ್ರಾ ಕೊಟ್ಟಾರಾ?" ಅಂದರು. "ಕೊಡ್ನಿಲ್ಲ ಅಂದ್ರೆ ಈ ಮೀಸೆ ಬೋಳಿಸ್ಕಂಡು ಇದೇ ಓಟ್ಲಿಗೆ ಬತ್ತೀನಿ" ಅಂತ ಎಲ್ಲರೆದುರು ಹೇಳಿ ಬಂದಿದ್ದೇನೆ. ಆದ್ದರಿಂದ ನಿನ್ನ ಪರೀಕ್ಷೆ ಈಗ ನನ್ನ ಪರೀಕ್ಷೆಯೂ ಹೌದು.

ಉತ್ತರ ಬೇಗ ಬರಿ. ಹೊಗಳಿಕೆಯನ್ನು ಸ್ವಲ್ಪ ಹೆಚ್ಚಾಗಿಯೇ ಬರಿ.

ಇಂತಿ, ತೂತಿಲ್ಲದ ಸೂರಿನ ಯಜಮಾನ
ಅಂಕಯ್ಯ ಮಾವ

*

ವೈದ್ಯನಾಥಪುರ
16 ಜನವರಿ 2025

ಕೂಸೇ,

ಉತ್ತರ ಬರಲಿಲ್ಲ. ಸಂಕ್ರಾಂತಿಗೂ ಬರಲಿಲ್ಲ. ಫೋನ್ ಮಾಡಿದರೆ "ಕ್ಲಾಸಿದೆ ಮಾವ" ಅಂದೆ. ಮಾತು ಹಳೆಯದೇ, ದನಿ ಬೇರೆಯಾಗಿತ್ತು.

ನಿನ್ನತ್ತೆ ಎಳ್ಳುಬೆಲ್ಲ ಕಲಸುತ್ತಾ, "ಆ ಮಗ ಬರ್ದಿದ್ ಕಾಗ್ದ ಇನ್ನೊಂದ್ ಕಿತ ಓದಿ" ಅಂದಳು. ಓದಿದೆ. ಬಿಸಿಲು ಕೋಲುಕೋಲಾಗಿ ಇಳಿಯುತ್ತಿತ್ತು ಅನ್ನುವ ಕಡೆ ಕೈಯೆತ್ತಿ ನಿಲ್ಲಿಸಿದಳು. "ಅದು ಬೈದಿರೋದಲ್ಲ, ಬೇಡಿರೋದು. ಕೇಳಿದ್ದೇ ಆ ತೂತ. ನೀವ್ ಅದ್ನೇ ಮುಚ್ಚಿ ಊರ್ಗೆಲ್ಲ ತೋರುಸ್ತಾ ಇದ್ದೀರಿ" ಅಂದಳು.

ನಾನು ಆಲೆಮನೆಗೆ ಹೋಗಿ ಬೆಳಗಿನ ಹೊತ್ತು ಒಳಗೆ ನಿಂತು ನೋಡಿದೆ. ಹಬೆ ಏಳುತ್ತಿತ್ತು. ಬೆಳಕು ಬಾಗಿಲ ಹೊರಗೇ ನಿಂತಿತ್ತು.

ಹೆದರಬೇಡ. ಅಂಕಯ್ಯ ಮಾಡಿದ್ದನ್ನು ಅಂಕಯ್ಯನೇ ಕೆಡಿಸಬಲ್ಲ. ನಾಳೆಯಿಂದ ಶೀಟು ಬಿಚ್ಚಿಸಿ ತರಗು ಹೊದಿಸುತ್ತೇನೆ. ಕೊಪ್ಪರಿಗೆಯ ತಳದ ಮಸಿ ಕೆರೆದು ನಾಲ್ಕು ಗೋಡೆಗೂ ಬಳಿಸುತ್ತೇನೆ. ನಾನೇ ಕೈಯಾರೆ ತೂತು ಮಾಡುತ್ತೇನೆ. ಎಷ್ಟು ದೊಡ್ಡದು ಬೇಕು ಅಷ್ಟನ್ನು ಮಾತ್ರ ಬರಿ.

ಮಾವ

*

ಚೆನ್ನೈ
17 ಜನವರಿ 2025

ಪ್ರೀತಿಯ ಮಾವನಿಗೆ,

ತಡವಾಗಿ ಬರೆಯುತ್ತಿದ್ದೇನೆ, ಬೇಜಾರು ಮಾಡಿಕೊಳ್ಳಬೇಡಿ. ನಿಮ್ಮ ಡಿಸೆಂಬರಿನ ಕಾಗದ ಓದಿ ನಗುಬಂತು, ಆಮೇಲೆ ಅಳು ಬಂತು. ಎರಡೂ ಮುಗಿಯುವ ತನಕ ಬರೆಯುವುದು ಬೇಡ ಅನಿಸಿತು. ತೂತು ಬೇಕು ಅಂತ ಬಾಯಿಬಿಟ್ಟು ಕೇಳದವಳು ನಾನೇ. ಬೇರೆ ಜಾಗ ಹುಡುಕೋಣವೆಂದು ಓಡಾಡಿದೆ. ಸಿಗಲಿಲ್ಲ. ಕೊನೆಗೆ ಅಲ್ಬಿನ್ ಚಿತ್ರಗಳಿಗೇ ವಾಪಸ್ ಹೋದೆ.

ಅವನ ಮುಂದಿನ ಕಥೆ ಕೇಳಿ. ಸಿನಿಮಾಗೆ ಮಾತು ಬಂತಲ್ಲ, ಕ್ಯಾಮೆರಾದ ಸದ್ದು ಕೇಳಬಾರದೆಂದು ಅದನ್ನೂ ಅವನನ್ನೂ ಒಂದು ಪೆಟ್ಟಿಗೆಯೊಳಗೆ ಕೂರಿಸಿ ಬಾಗಿಲು ಹಾಕಿದರು. ಸ್ಟುಡಿಯೋಗೆ ಸೂರು ಹಾಕಿ ಸೂರ್ಯನನ್ನು ಹೊರಗಿಟ್ಟರು. ಕಡಲ ಬೆಳಕಿನವನು ಒಳಗೆ ಕಂಗಾಲಾದ. ಕೆಲಸ ಹೋಯಿತು. ಹಾಲಿನ ಡೈರಿಯ ಪ್ರಚಾರದ ಚಿತ್ರ ತೆಗೆಯುತ್ತಾ ಎಷ್ಟೋ ವರ್ಷ ಕಳೆದ. ಜನ ಅವನನ್ನು ಮರೆತೇಬಿಟ್ಟರು.

ನಲವತ್ತರ ದಶಕದಲ್ಲಿ ಒಬ್ಬ ಎಳೆಯ ನಿರ್ದೇಶಕ ಕರೆದ. ಕೊಟ್ಟದ್ದು ಕಿಟಕಿಯಿಲ್ಲದ ಒಂದು ಬಿಳೀ ಕೋಣೆ. ಎಲ್ಲರೂ ದೀಪವನ್ನು ನಟರ ಮುಖಕ್ಕೆ ಹಿಡಿಯುತ್ತಿದ್ದ ಕಾಲ. ಅವನು ದೀಪಗಳ ಬೆನ್ನನ್ನು ನಟರ ಕಡೆಗೆ ತಿರುಗಿಸಿ ಬೆಳಕನ್ನು ಗೋಡೆಗೆ ಬಿಟ್ಟ. ಗೋಡೆಯಿಂದ ವಾಪಸ್ ಬಂದ ಬೆಳಕು ಕೆನ್ನೆಯ ಮೇಲೆ ಕೂತ ರೀತಿ ನೋಡಬೇಕು ಮಾವ. ಮುಖಗಳು ಒಳಗಿನಿಂದ ಉರಿದ ಹಾಗೆ. ಅಲ್ಲಿಂದ ಹನ್ನೆರಡು ವರ್ಷ, ಅರವತ್ತು ದಾಟುವ ತನಕ, ಅವನನ್ನು ಬಿಟ್ಟರೆ ಬೇರೆ ಛಾಯಾಗ್ರಾಹಕನಿಲ್ಲ ಅನ್ನಿಸಿಕೊಂಡ.

ಇದನ್ನು ನೋಡುತ್ತಿದ್ದಾಗ ನಿಮ್ಮ ಸುಣ್ಣ ನೆನಪಾಯಿತು!

ದಯವಿಟ್ಟು ಏನನ್ನೂ ಕೀಳಬೇಡಿ. ಮೂಡಲ ಕಡೆಯ ಶೀಟುಗಳಲ್ಲಿ ಒಂದನ್ನು ತೆಗೆದರೆ ಸಾಕು. ಬೆಳಗಿನ ಬಿಸಿಲು ಅಲ್ಲಿಂದ ಇಳಿದು ಪಡುವಲ ಗೋಡೆಗೆ ಬೀಳುತ್ತದೆ. ಆ ಒಂದು ಗೋಡೆ ಬೆಳ್ಳಗಿರಲೇಬೇಕು. ಉಳಿದ ಮೂರು ಕಪ್ಪಗಿದ್ದಿದ್ದರೆ ಹಬೆಯೊಳಗಿನ ಬಿಸಿಲು ಎದ್ದು ಕಾಣುತ್ತಿತ್ತು. ಪರವಾಗಿಲ್ಲ, ಕಪ್ಪು ಬಟ್ಟೆ ತರುತ್ತೇನೆ.

ನಿಮ್ಮ
ನಿಖಿತಾ

*

ವೈದ್ಯನಾಥಪುರ
23 ಜನವರಿ 2025

ಕೂಸೇ,

ನಿನ್ನ ಕಾಗದವೂ ನನ್ನ ಕಾಗದವೂ ದಾರಿಯಲ್ಲಿ ಒಂದನ್ನೊಂದು ನೋಡಿ ಮಾತಾಡಿಸದೆ ಹೋಗಿವೆ.

ಪೋಸ್ಟಿನವನು ಬಂದಾಗ ನಾನು ಏಣಿಯ ಮೇಲಿದ್ದೆ. ಮೂಡಲ ಕಡೆಯ ಒಂದು ಶೀಟು ಬಿಚ್ಚಿ ಕೆಳಗಿಳಿಸಿದ್ದೆ. ಒಳಗೆ ಮಾದಯ್ಯ ಮೊಣಕೈ ತನಕ ಮಸಿ ಮಾಡಿಕೊಂಡು ಮೂರು ಗೋಡೆ ಮುಗಿಸಿ, ನಾಲ್ಕನೆಯದಕ್ಕೆ ಮಸಿ ಸಾಲದೆ ಕೊಪ್ಪರಿಗೆ ಕೆರೆಯುತ್ತಿದ್ದ. ಏಣಿಯ ಮೇಲೇ ಕಾಗದ ಒಡೆದು ಓದಿದವನು ಅಲ್ಲಿಂದಲೇ ಕೂಗಿದೆ: "ಲೇ ಮಾದಯ್ಯ, ಕೈ ಎತ್ಲಾ! ಆ ಗ್ವಾಡೆ ಮುಟ್ಬೇಡ ಕಣ್ಲಾ!"

"ಯಾಕ್ಲಾ, ಆವು ಬಂತಾ?"

"ಅಲ್ಬಿನಯ್ಯ ಬೇಡ ಅಂದವ್ರೆ!"

"ಸುಣ್ಣ ಬಳಿ ಅಂದೆ, ಬಳ್ದೆ. ಮಸಿ ಬಳಿ ಅಂದೆ, ಬಳ್ದೆ. ಈಗ ಬುಡು ಅಂತೀಯೆ. ಒಂದ್ ಕೆಲ್ಸ ಮಾಡು, ಆವಯ್ಯನ್ನೇ ಕರ್ಸು, ನಾನ್ ಮಾತಾಡ್ತೀನಿ" ಅಂತ ಮಸಿಯ ಬಕೆಟ್ಟು ಕುಕ್ಕಿ ಹೋದ.

ಉಳಿದಿರುವುದು ಪಡುವಲ ಗೋಡೆಯೇ. ತೆಗೆದಿರುವುದೂ ನೀನು ಕೇಳಿದ ಶೀಟೇ. ಇದನ್ನೆಲ್ಲ ಮೊದಲೇ ಯೋಚಿಸಿ ಮಾಡಿದೆ ಅಂತ ಮದ್ದೂರಿನಲ್ಲಿ ಹೇಳಿದ್ದೇನೆ. ನೀನು ಬಂದಾಗ ಅಡ್ಡ ಮಾತಾಡಬೇಡ. ಕಪ್ಪು ಬಟ್ಟೆಯೂ ತರಬೇಡ.

ಒಂದು ಕೇಳಬೇಕು ಅನಿಸಿತು. ಅಲ್ಬಿನಯ್ಯ ತೆಗೆದದ್ದನ್ನು ಅವರ ತಾಯಿ ನೋಡಿದರಾ?

ಮಾವ

*

ವೈದ್ಯನಾಥಪುರ
20 ಫೆಬ್ರವರಿ 2025

ಕೂಸೇ,

ನೀನು ಬಂದು ಹೋಗಿ ವಾರವಾಯಿತು. ಮೂರು ದಿನದ ಶೂಟಿಂಗಿನಲ್ಲಿ ನಿನಗೆ ಗೊತ್ತಿಲ್ಲದ್ದೂ ಇದೆ. ನೀನು ಕ್ಯಾಮೆರಾದೊಳಗೆ ಕಣ್ಣಿಟ್ಟಿದ್ದೆ, ಹೊರಗೆ ನಡೆದದ್ದು ನಾನು ನೋಡಿದೆ.

ಮಾದಯ್ಯ ಮೊದಲ ದಿನ ತಲೆಗೆ ಎಣ್ಣೆ ಹಾಕಿ ಇಸ್ತ್ರಿ ಶರ್ಟು ತೊಟ್ಟು ಬಂದಿದ್ದನಲ್ಲ, ನೀನು ಬೇಡವೆಂದು ಹಳೇ ಬನಿಯನ್ನು ಹಾಕಿಸಿದ್ದಕ್ಕೆ ಇನ್ನೂ ಸಿಟ್ಟಾಗಿದ್ದಾನೆ. "ನನ್ ಮಗಳ್ ಮದ್ವೇಲೂ ಇಷ್ಟ್ ಒತ್ತು ಕೂತಿರ್ನಿಲ್ಲ" ಅಂತ ಹೇಳಿಕೊಂಡು ತಿರುಗುತ್ತಾನೆ. ಹೇಳುವಾಗ ಎದೆ ಮುಂದಿರುತ್ತದೆ.

ಮೂರನೆಯ ದಿನದ ವಿಚಾರ. ನಿನ್ನಮ್ಮ ಮಳವಳ್ಳಿಯಿಂದ ಮೊದಲ ಬಸ್ಸು ಹಿಡಿದು ಉಪ್ಸಾರು, ಮುದ್ದೆ ಕಟ್ಟಿಕೊಂಡು ಬಂದಳು. ನೋಡೋಕೆ ಬಂದೆ ಅನ್ನಲಿಲ್ಲ. "ಊಟ ಕೊಟ್ಟು ಓಯ್ತೀನಿ" ಅಂದಳು. ಒಳಗೆ ಬಂದು ಕಬ್ಬಿನ ಸಿಪ್ಪೆಯ ರಾಶಿಯ ಮೇಲೆ ಬಿಳೀ ಗೋಡೆಗೆ ಮುಖ ಮಾಡಿ ಕೂತಳು. ಆಗ ಶೀಟು ತೆಗೆದ ಜಾಗದಿಂದ ಬಿಸಿಲು ಇಳಿದು ಗೋಡೆಗೆ ತಾಗಿತು. ನಾನು ಏನೋ ಹೇಳುತ್ತಿದ್ದೆ, ನೀನು "ಮಾವ, ಮಾತಾಡ್ಬೇಡಿ" ಅಂದೆ. ನಾನು ನಿನ್ನ ಕಡೆ ತಿರುಗಿದರೆ ಕ್ಯಾಮೆರಾ ಮಾದಯ್ಯನನ್ನು ಬಿಟ್ಟು ಅವಳ ಕಡೆ ತಿರುಗಿತ್ತು.

"ಏ, ನನ್ ಯಾಕ್ ತೆಗೀತಿದ್ದೀಯೆ? ತಲೆ ಬಾಚಿಲ್ಲ" ಅಂದಳು.

"ಸುಮ್ನೆ ಗೋಡೆ ನೋಡಮ್ಮ."

"ಗ್ವಾಡೇಲಿ ಏನದೆ?"

ಅವಳು ನೋಡಿದಳು. ಫಿಲಂ ಮುಗಿಯುವ ತನಕ ನೋಡಿದಳು. ಅರವತ್ತೈದು ವರ್ಷದಲ್ಲಿ ನಾನು ಅಷ್ಟು ಹೊತ್ತು ಬಾಯಿ ಮುಚ್ಚಿದ್ದು ಅದೇ ಮೊದಲು.

ನೀನು ಕಾಣದೇ ಇದ್ದದ್ದು ಇದು. ನೀನು ಕ್ಯಾಮೆರಾ ಪೆಟ್ಟಿಗೆಗೆ ಹಾಕಿ ಜೀಪಿನ ಹತ್ತಿರ ಹೋದಾಗ ಅವಳು ನನ್ನ ಪಕ್ಕ ಬಂದಳು. "ಆ ಪೆಟ್ಗೆ ಎಷ್ಟ್ ತೂಕ ಇದ್ದಾತಣ್ಣ?" ಅಂದಳು. "ಎತ್ತಿ ನೋಡು" ಅಂದೆ. ಹೋಗಲಿಲ್ಲ. ನೀನು ಒಂದೇ ಕೈಯಲ್ಲಿ ಅದನ್ನು ಜೀಪಿಗೆ ಎತ್ತಿಟ್ಟದ್ದನ್ನು ನೋಡಿದಳು. ಸೆರಗಿನಿಂದ ಮುಖ ಒರೆಸಿಕೊಂಡು "ಒಗೆ" ಅಂದಳು. ಆಗ ಒಲೆ ಆರಿ ಹೋಗಿತ್ತು, ಹೊಗೆ ಎಲ್ಲಿಂದ ಬಂತೋ.

ಫಲಿತಾಂಶ ಯಾವಾಗ? ಮೀಸೆಗೆ ದಿನಾ ಎಣ್ಣೆ ಹಾಕುತ್ತಿದ್ದೇನೆ, ಹೋಗುವುದಾದರೂ ಚೆನ್ನಾಗಿ ಹೋಗಲಿ.

ಮಾವ

*

ಚೆನ್ನೈ
2 ಏಪ್ರಿಲ್ 2025

ಪ್ರೀತಿಯ ಮಾವನಿಗೆ,

ಮೀಸೆ ಉಳಿಯಿತು.

ನಿನ್ನೆ ಎಲ್ಲರ ಚಿತ್ರ ತೋರಿಸಿದರು. ನನ್ನದರಲ್ಲಿ ಹಬೆ, ಬಿಸಿಲು, ಮಾದಯ್ಯನವರ ಕೈ ಬಂದಾಗ ಮೇಷ್ಟ್ರು ಕುರ್ಚಿಗೆ ಒರಗಿ ನೋಡುತ್ತಿದ್ದರು. ಅಮ್ಮನ ಮುಖ ಬಂತು. ಮುಂದಕ್ಕೆ ಬಾಗಿ ಕೂತರು. ದೀಪ ಹಾಕಿದ ಮೇಲೆ "ಮುಖಕ್ಕೆ ಯಾವ ಲೈಟು ಬಳಸಿದೆ?" ಅಂತ ಕೇಳಿದರು. "ಸುಣ್ಣ ಸರ್" ಅಂದೆ. ಎಲ್ಲ ನಕ್ಕರು, ಅವರು ನಗಲಿಲ್ಲ. ಇವತ್ತು ಬೆಳಿಗ್ಗೆ ಹೆಸರು ಹಾಕಿದ್ದಾರೆ. ಇಬ್ಬರಲ್ಲಿ ಒಬ್ಬಳು ನಾನು!

ಅಲ್ಬಿನ್ ತಾಯಿಯ ಬಗ್ಗೆ ಕೇಳಿದ್ದಿರಿ. ಹುಡುಕಿದೆ. ಕೊನೆಯ ಚಿತ್ರ 1956ರದು ಅಂತ ಇದೆ, ಯಾವ ಲೆನ್ಸು ಅಂತಲೂ ಇದೆ. ತಾಯಿ ನೋಡಿದರೋ ಇಲ್ಲವೋ ಯಾರೂ ಬರೆದಿಟ್ಟಿಲ್ಲ.

ಅಮ್ಮನಿಗೆ ಫೋನ್ ಮಾಡಿ ಹೇಳಿದೆ. ಅವಳು "ಊಟ ಆಯ್ತಾ" ಅಂದಳು. ಖುಷಿಯಾಯಿತೋ ಇಲ್ಲವೋ ನನಗೆ ತಿಳಿಯಲಿಲ್ಲ ಮಾವ. ಪೆನ್‌ಡ್ರೈವಿನಲ್ಲಿ ಚಿತ್ರ ಕಳಿಸಿದ್ದೇನೆ. ಅವಳಿಗೆ ತೋರಿಸಿ.

ನಿಮ್ಮ
ನಿಖಿತಾ

*

ವೈದ್ಯನಾಥಪುರ
11 ಜೂನ್ 2025

ಕ್ಯಾಮೆರಾ ನಿಖಿತಾ ಅವರಿಗೆ,

ಇನ್ನು ಮೇಲೆ ಹೀಗೇ ಕರೆಯುವುದು. ಮದ್ದೂರಿನ ಹೋಟೆಲಿಗೆ ಮೀಸೆ ತಿರುವಿಕೊಂಡು ಹೋಗಿ ಎಲ್ಲರಿಗೂ ಕಾಫಿ ಕುಡಿಸಿ ಬಂದೆ. ಸ್ವೀಡನ್ನಿನವರಿಗೆ ಗೋಡೆಯ ವಿದ್ಯೆ ಕಲಿಸಿದ್ದು ನಮ್ಮ ಕಡೆಯವರೇ ಇರಬಹುದು ಅಂತಲೂ ಒಂದು ಮಾತು ಬಿಟ್ಟಿದ್ದೇನೆ. ಯಾರೂ ಇಲ್ಲ ಅನ್ನಲಿಲ್ಲ.

ಚಿತ್ರವನ್ನು ನಮ್ಮ ಮನೆಯ ಟಿವಿಗೆ ಹಾಕಿ ನಿನ್ನಮ್ಮನಿಗೆ ತೋರಿಸಿದೆ. ಅವಳು ಮುಗಿಯುವ ತನಕ ಕಣ್ಣು ತೆಗೆಯಲಿಲ್ಲ. ಆಮೇಲೆ "ತಲೆ ಬಾಚ್ಕಬೇಕಿತ್ತು" ಅಂದಳು. ಅಷ್ಟೇ. ಇದನ್ನು ನಿನಗೆ ಬರೆದರೆ ಏನು ಸಿಕ್ಕೀತು ಅಂತ ಇಷ್ಟು ದಿನ ಬರೆಯಲಿಲ್ಲ.

ಈಗ ಬರೆಯುವುದಕ್ಕೆ ಸಿಕ್ಕಿದೆ. ಮಳೆ ಶುರುವಾಯಿತು. ಮಾದಯ್ಯ ದಿನಾ ಜಗಳ. "ಆ ಸೀಟು ಆಕ್ಸಿದ್ಯೋ ಸರಿ, ಇಲ್ದಿದ್ರೆ ಬೆಲ್ಲ ನೆಂದೋದ್ರೆ ನನ್ ಕೇಳ್ಬೇಡ" ಅಂತಾನೆ. ನಿನ್ನೆ ಬೆಳಿಗ್ಗೆ ಶೀಟು ಹೆಗಲಮೇಲೆ ಹೊತ್ತುಕೊಂಡು ಹಾಕಿಬಿಡೋಣವೆಂದು ಹೋದೆ. ಬಾಗಿಲ ಹತ್ತಿರ ಹೆಣ್ಣು ಚಪ್ಪಲಿ ಇತ್ತು. ಆಲೆಮನೆಗೆ ಯಾರು ಚಪ್ಪಲಿ ಬಿಟ್ಟು ಹೋಗುತ್ತಾರೆ?

ಒಳಗೆ ನಿನ್ನಮ್ಮ. ಮಾದಯ್ಯನನ್ನು ಕೇಳಿದರೆ, ಬೆಲ್ಲ ಬೇಕು ಅಂತ ಆಗಾಗ ಬರುತ್ತಾಳಂತೆ. ಮಳವಳ್ಳಿಯಲ್ಲಿ ಬೆಲ್ಲ ಸಿಗುವುದಿಲ್ಲವಾ? ಮೋಡದ ನಡುವೆ ಬಿಸಿಲು ಬಂದಿತ್ತು. ಅವಳು ಅದೇ ಸಿಪ್ಪೆಯ ರಾಶಿಯ ಮೇಲೆ, ಅದೇ ಗೋಡೆ ನೋಡುತ್ತಾ ಕೂತಿದ್ದಳು. ಜೊತೆಗೆ ಮಳವಳ್ಳಿಯ ಅವಳ ಪಕ್ಕದ ಮನೆಯ ಹೆಂಗಸು. ನಿನ್ನ ಕ್ಯಾಮೆರಾ ಬಗ್ಗೆ ಅಲ್ಲಿ ಜನ ಏನೇನೋ ಕೇಳುತ್ತಾರಂತಲ್ಲ, ಅವರಲ್ಲಿ ಒಬ್ಬಳು. ನಿನ್ನಮ್ಮ ಅವಳ ಗದ್ದ ಹಿಡಿದು ಗೋಡೆಯ ಕಡೆ ತಿರುಗಿಸಿ ಹೇಳುತ್ತಿದ್ದಳು, "ಇಂಗ್ ಕೂತ್ಕ. ಬೆಳಕ್ ನಿನ್ ಮಕ ನೋಡಕ್ ಬತ್ತದೆ. ಇದ ನನ್ ಮಗಳು ಕಂಡಿಡ್ದಿರದು."

ಅಲ್ಬಿನಯ್ಯನ ಹೆಸರನ್ನಾಗಲಿ ನನ್ನ ಸುಣ್ಣವನ್ನಾಗಲಿ ಅವಳು ಎತ್ತಲೇ ಇಲ್ಲ. ಹೋಗಲಿ ಅಂತ ಬಿಟ್ಟೆ.

ಸದ್ದಾಗದ ಹಾಗೆ ಶೀಟು ವಾಪಸ್ ಹೊತ್ತು ತಂದು ದನದ ಕೊಟ್ಟಿಗೆಗೆ ಹಾಕಿಸಿದ್ದೇನೆ. ಬೆಲ್ಲದ ಮೇಲೆ ಟಾರ್ಪಾಲು ಹೊದಿಸಿದೆ. ಆ ಗೋಡೆಗೆ ಒಲೆಯ ಹೊಗೆ ಹಿಡಿಯುತ್ತಿದೆ. ದೀಪಾವಳಿಗೆ ಬಾ, ಹೊಸ ಸುಣ್ಣ ಕಲಸಿಡುತ್ತೇನೆ. ಬಳಿಯುವುದು ನಿನ್ನಮ್ಮ.

ಇಂತಿ,
ಮೀಸೆಸಹಿತ ಅಂಕಯ್ಯ ಮಾವ